ಮೊದಲು ಮಲಗಿ ತೋರಿಸುವ ಮುನಿರಾಜಣ್ಣ

ನಾನು ಕೆಲಸಕ್ಕೆ ಸೇರಿದ ಮೊದಲ ದಿನ ಮುನಿರಾಜಣ್ಣ ನನ್ನನ್ನು ತಲೆಕೆಳಗಾಗಿ ಸ್ವಾಗತಿಸಿದರು. ಅವರು ಮಂಚದ ಮೇಲೆ ಅಂಗಾತ ಮಲಗಿದ್ದರು, ತಲೆ ಮಾತ್ರ ಮಂಚದ ಅಂಚಿನಿಂದ ಕೆಳಗೆ ಜೋತುಬಿದ್ದಿತ್ತು, ದಪ್ಪ ಮೀಸೆ ಹಣೆಯ ಕಡೆಗೆ ಇಳಿದಂತೆ ಕಾಣುತ್ತಿತ್ತು. ಅದೇ ಭಂಗಿಯಲ್ಲಿ ಅವರು, “ಬನ್ನಿ ಮೇಡಂ, ಕೂತ್ಕೊಳಿ. ಒಂದು ನಿಮಿಷ, ಇವ್ರಿಗೆ ತೋರಿಸಿ ಎದ್ದು ಬರ್ತೀನಿ” ಎಂದರು. ಪಕ್ಕದಲ್ಲಿ ಒಬ್ಬ ಬ್ಯಾಂಕ್ ಮ್ಯಾನೇಜರು ಕರ್ಚೀಫು ಹಿಂಡುತ್ತ ನಿಂತಿದ್ದರು.

ಜಯನಗರ ನಾಲ್ಕನೇ ಬ್ಲಾಕಿನ ಒಂದು ಮಹಡಿಯ ಮೇಲೆ ನಮ್ಮ ಡಾಕ್ಟರಮ್ಮನ ಕಿವಿ, ಮೂಗು, ಗಂಟಲಿನ ಕ್ಲಿನಿಕ್ಕು. ತೊಂಬತ್ತರ ದಶಕದ ಕೊನೆಯ ಮಾತು. ನಾನು ಬಾಗಲಕೋಟೆಯಿಂದ ಬಂದು ಬಿಟಿಎಂ ಬಡಾವಣೆಯಲ್ಲಿ ಒಂದು ರೂಮು ಹಿಡಿದಿದ್ದೆ. ಶ್ರವಣ ಪರೀಕ್ಷೆ ಮಾಡುವುದು ನನ್ನ ಕೆಲಸ. ಆದರೆ ಆ ಕ್ಲಿನಿಕ್ಕಿಗೆ ಹೆಸರು ತಂದಿದ್ದು ತಲೆಸುತ್ತು.

ಪರೀಕ್ಷೆ ಬಹಳ ಸರಳ. ಕೂತವರ ತಲೆಯನ್ನು ಒಂದು ಪಕ್ಕಕ್ಕೆ ತಿರುಗಿಸಿ, ಹಾಗೇ ಹಿಡಿದುಕೊಂಡು ಸರಕ್ಕನೆ ಹಿಂದಕ್ಕೆ ಮಲಗಿಸಬೇಕು. ತಲೆ ಮಂಚದಿಂದ ಸ್ವಲ್ಪ ಕೆಳಗೆ ಜೋತುಬೀಳಬೇಕು. ಒಳಗಿವಿಯ ಸಣ್ಣ ಹರಳುಗಳು ಜಾಗ ತಪ್ಪಿದ್ದರೆ, ಎರಡು ಮೂರು ಸೆಕೆಂಡಿನಲ್ಲಿ ಕಣ್ಣುಗುಡ್ಡೆ ತಾನೇ ತಾನಾಗಿ ಗಿರ್ರನೆ ತಿರುಗತೊಡಗುತ್ತದೆ. ಯಾವ ಕಿವಿ ಕೆಳಗಿದ್ದಾಗ ಹಾಗಾಯಿತೋ ತೊಂದರೆ ಆ ಕಿವಿಯದು. ಆಮೇಲೆ ತಲೆಯನ್ನು ಹಂತಹಂತವಾಗಿ ಇನ್ನೊಂದು ಕಡೆಗೆ ಹೊರಳಿಸಿದರೆ ಹರಳು ಮನೆಗೆ ಮರಳುತ್ತದೆ. ಮಾತ್ರೆಯೂ ಇಲ್ಲ, ಸೂಜಿಯೂ ಇಲ್ಲ. ಆದರೆ ಹಾಸಿಗೆಯಲ್ಲಿ ಮಗ್ಗುಲಾದರೆ ಮನೆಯೇ ತಿರುಗುತ್ತದೆ ಎಂದು ಅಳುತ್ತ ಬಂದವರಿಗೆ “ಈಗ ನಿಮ್ಮನ್ನು ಸರಕ್ಕನೆ ಹಿಂದಕ್ಕೆ ಬೀಳಿಸುತ್ತೇವೆ” ಎಂದರೆ ಯಾರು ತಾನೇ ಒಪ್ಪುತ್ತಾರೆ? ಅದಕ್ಕೇ ಮುನಿರಾಜಣ್ಣ. ಪೇಶಂಟಿಗಿಂತ ಮೊದಲು ತಾವು ಮಲಗಿ, ಏನೂ ಆಗುವುದಿಲ್ಲ ಎಂದು ತೋರಿಸುವುದೇ ಅವರ ನೌಕರಿ. ಬೀಗ ತೆಗೆಯುವುದು, ಟೋಕನ್ ಕೊಡುವುದು ಎಲ್ಲ ಅದರ ನಂತರದ್ದು.

ಈ ವಿದ್ಯೆ ಅವರಿಗೆ ಬಂದದ್ದು ಸೀರೆ ಅಂಗಡಿಯಲ್ಲಿ. ಪುಟ್ಟೇನಹಳ್ಳಿಯ ಹಳೇ ಊರಿನವರಾದ ಮುನಿರಾಜಣ್ಣ ಇಪ್ಪತ್ತು ವರ್ಷ ಅದೇ ನಾಲ್ಕನೇ ಬ್ಲಾಕಿನ ಅಂಗಡಿಯೊಂದರಲ್ಲಿ ರೇಷ್ಮೆ ಸೀರೆಯನ್ನು ತಮ್ಮ ಮೈಮೇಲೆಯೇ ಉಟ್ಟು, ಸೆರಗು ಹೆಗಲಿಗೆ ಹಾಕಿಕೊಂಡು, ಮೀಸೆಯ ಸಮೇತ ವೈಯಾರವಾಗಿ ನಿಂತು ಮಾರಿದವರು. ಅಂಗಡಿ ಮುಚ್ಚಿದಾಗ ಅಲ್ಲಿಯ ಹಳೇ ಗಿರಾಕಿಯಾಗಿದ್ದ ಡಾಕ್ಟರಮ್ಮ ಅವರನ್ನು ಕರೆತಂದರು. “ಇವ್ರ ಮೈಮೇಲೆ ಚೆನ್ನಾಗಿ ಕಂಡದ್ದು ನಂಗೂ ಒಪ್ಪತ್ತೆ ಅಂತ ನಂಬಿ ಎಷ್ಟು ಸೀರೆ ತಗೊಂಡೆನೋ. ಪೇಶಂಟ್ಸೂ ನಂಬ್ತಾರೆ” ಎಂಬುದು ಅವರ ಲೆಕ್ಕಾಚಾರ. ಅದು ಒಂದು ದಿನವೂ ತಪ್ಪಲಿಲ್ಲ.

ಒಮ್ಮೆ ಬನಶಂಕರಿಯಿಂದ ಬಂದ ಅಜ್ಜಿಯೊಬ್ಬರು ಮಂಚವನ್ನೂ ಕಿಟಕಿಯ ಬಿಸಿಲನ್ನೂ ನೋಡಿ ದಿಕ್ಕು ಹಿಡಿದುಬಿಟ್ಟರು. “ಉತ್ತರಕ್ಕೆ ತಲೆ ಹಾಕಿ ನಾನು ಮಲಗಲ್ಲ.” ಮಗ ಬೇಡಿಕೊಂಡ, ಡಾಕ್ಟರಮ್ಮ ವಿವರಿಸಿದರು. ರೂಮು ಇಕ್ಕಟ್ಟು, ಮಂಚವನ್ನು ಬೇರೆ ಹೇಗೆ ಹಾಕಿದರೂ ಬಾಗಿಲು ತೆರೆಯುತ್ತಿರಲಿಲ್ಲ. ಮುನಿರಾಜಣ್ಣ ಅಜ್ಜಿಯ ಪಕ್ಕದಲ್ಲಿ ಕುಕ್ಕರುಗಾಲಲ್ಲಿ ಕೂತರು.

“ಅಜ್ಜಿ, ತಲೆ ಮಂಚದ ಮೇಲಿಟ್ರೆ ತಾನೇ ಮಲಗಿದಂಗೆ?”

“ಹೂಂ.”

“ಇಲ್ಲಿ ತಲೆ ಮಂಚದ ಮೇಲೆ ಇರೋದೇ ಇಲ್ಲ. ಆಚೆ ನೇತಾಡ್ತಿರತ್ತೆ. ನಿಮ್ಮ ಶಾಸ್ತ್ರದಲ್ಲಿ ಮಲಗೋ ತಲೆಗೆ ದಿಕ್ಕು ಹೇಳಿದ್ದಾರೆ, ನೇತಾಡೋ ತಲೆಗೆ ಹೇಳಿದ್ದಾರಾ?”

ಅಜ್ಜಿ ಮಂಚದ ಅಂಚನ್ನು ಮುಟ್ಟಿ ನೋಡಿದರು. “ಇವನನ್ನ ಲಾಯರ್ ಓದಿಸ್ಬೇಕಿತ್ತು” ಎಂದು ಮಗನಿಗೆ ಹೇಳಿ, ರಾಮ ರಾಮ ಅನ್ನುತ್ತ ಮಲಗಿದರು.

ನನ್ನ ಬಾಗಲಕೋಟೆ ಮಾತೆಂದರೆ ಮುನಿರಾಜಣ್ಣನಿಗೆ ಆಟ. ನಾನು “ಹೌದ್ರಿ” ಎಂದರೆ ಸಾಕು, “ನಿಮ್ಮ ಕಡೆ ರೀ ಹಾಕ್ದೆ ಕಾಗೇನೂ ಓಡಿಸಲ್ವೇನೋ” ಅನ್ನುತ್ತಿದ್ದರು. ಹೊಸ ಊರಿನಲ್ಲಿ ನನಗೆ ಅವರೊಬ್ಬರೇ ಸ್ವಂತ ಅಣ್ಣನಂತೆ ಇದ್ದರು. ಹಬ್ಬಕ್ಕೆ ಊರಿಗೆ ಹೋಗಲಾಗದೆ ಮುಖ ಊದಿಸಿಕೊಂಡು ಕೂತರೆ, ಮಾರನೆಯ ದಿನ ಅವರ ಹೆಂಡತಿ ಮಾಡಿದ ಒಬ್ಬಟ್ಟು ನನ್ನ ಮೇಜಿನ ಮೇಲಿರುತ್ತಿತ್ತು.

ಹೀಗಿರುವಾಗ, ನಾನು ಸೇರಿದ ಮೂರನೆಯ ವರ್ಷ, ಅವರಲ್ಲಿ ಏನೋ ಬದಲಾಗಿರುವುದು ಕಂಡಿತು. ಮೊದಲೆಲ್ಲ ಎಡಕ್ಕೊಮ್ಮೆ ಬಲಕ್ಕೊಮ್ಮೆ ಮಲಗಿ ತೋರಿಸುತ್ತಿದ್ದವರು ಈಗ ಎಡಕ್ಕೆ ಮಾತ್ರ ಮಲಗಿ ಚಂಗನೆ ಏಳುತ್ತಿದ್ದರು. “ಅಷ್ಟೇ, ಇನ್ನೊಂದು ಕಡೆಗೂ ಇದೇ” ಅನ್ನುತ್ತಿದ್ದರು. ಮೇಲಿನ ಶೆಲ್ಫಿನ ಫೈಲು ಬೇಕಾದರೆ, ಕತ್ತು ಹಿಡಿದುಕೊಂಡಿದೆ ಎಂದು ನನ್ನನ್ನೇ ಸ್ಟೂಲು ಹತ್ತಿಸುತ್ತಿದ್ದರು. ತಲೆಸುತ್ತಿನವರನ್ನು ದಿನಾ ನೋಡುವ ನನಗೆ ಇಷ್ಟು ಸಾಕಿತ್ತು. ಒಂದು ಮಧ್ಯಾಹ್ನ ಡಾಕ್ಟರಮ್ಮ ಊಟಕ್ಕೆ ಹೋದಾಗ ಕೇಳಿಯೇಬಿಟ್ಟೆ.

“ಯಾಕ್ರಿ ಅಣ್ಣಾ, ಬಲಕ್ಕ ಮಲಗೂದ ಬಿಟ್ಟೀರಲ್ಲ?”

ಅವರು ಊಟದ ಡಬ್ಬಿಯ ಮುಚ್ಚಳ ತಿರುಗಿಸುತ್ತ ಕೂತರು. ಕೊನೆಗೆ, “ಡಾಕ್ಟರಮ್ಮಂಗೆ ಹೇಳ್ಬೇಡಿ ಮೇಡಂ. ಬಲಕ್ಕೆ ಹೊರಳಿದ್ರೆ ಇಡೀ ಪುಟ್ಟೇನಹಳ್ಳಿ ತಿರುಗತ್ತೆ” ಎಂದರು.

“ಎರಡ ನಿಮಿಷದ ಕೆಲಸ. ನಿಮಗ ನಾ ಹೇಳೂದೇನೈತ್ರಿ?”

“ಕೆಲಸ ಹೋಗತ್ತೆ ಮೇಡಂ. ಡಾಕ್ಟರಮ್ಮ ಡಿಗ್ರಿ ಓದವ್ರೆ, ನೀವೂ ಓದಿದ್ದೀರಿ. ತಲೆ ತಿರುಗ್ದೆ ಇರೋದೊಂದೇ ನನ್ನ ಡಿಗ್ರಿ. ಕಲೆ ಬಿದ್ದಿರೋ ಸೀರೆನ ಯಾವ ಅಂಗಡಿಯವ್ನು ಬೊಂಬೆಗೆ ಉಡಿಸ್ತಾನೆ?” ಡಬ್ಬಿಯ ಮುಚ್ಚಳ ಬಿಗಿಮಾಡಿ ಇನ್ನೂ ಮೆಲ್ಲಗೆ ಹೇಳಿದರು: “ಅದೂ ಅಲ್ದೆ, ನಂಗೆ ಭಯ.”

ನನಗೆ ನಗು ಬಂತು, ಪಾಪ ಅಂತಲೂ ಅನ್ನಿಸಿತು. ನೂರಾರು ಜನರಿಗೆ “ಏನೂ ಆಗಲ್ಲ” ಎಂದ ಮನುಷ್ಯ, ತಮ್ಮ ಸರದಿ ಬಂದಾಗ ಮಂಚ ಕಂಡರೆ ಹೆದರುತ್ತಿದ್ದರು. ಹೇಳುವುದಿಲ್ಲ ಎಂದು ಮಾತು ಕೊಟ್ಟೆ. ಅವರು ಸೈಕಲ್ಲು ಏರಿ ಹೋಗುವಾಗಲೆಲ್ಲ ಮಾತು ಕೊಟ್ಟದ್ದಕ್ಕೆ ನನ್ನನ್ನೇ ಬೈದುಕೊಳ್ಳುತ್ತಿದ್ದೆ.

ಆ ಗುಟ್ಟು ಮೂರು ವಾರವೂ ಬಾಳಲಿಲ್ಲ. ಜೆಪಿ ನಗರದಿಂದ ವಿಶಾಲಾಕ್ಷಮ್ಮ ಎನ್ನುವವರು ಬಂದರು. ದೊಡ್ಡ ಕುಂಕುಮ, ದೊಡ್ಡ ಗಂಟಲು. ಬಲಕ್ಕೆ ಮಗ್ಗುಲಾದರೆ ತಲೆಸುತ್ತು. ಮುನಿರಾಜಣ್ಣ ಎಂದಿನಂತೆ ಎಡಕ್ಕೆ ಮಲಗಿ ಎದ್ದರು. ವಿಶಾಲಾಕ್ಷಮ್ಮ ಕಣ್ಣು ಕಿರಿದು ಮಾಡಿದರು.

“ನೀವು ಸೀರೆ ಅಂಗಡಿ ಮುನಿರಾಜು ಅಲ್ವಾ?”

“ಹೌದಮ್ಮ” ಎಂದು ಇವರು ಹಿಗ್ಗಿದರು.

“ನನ್ನ ದೊಡ್ಡ ಮಗಳ ಧಾರೆಗೆ ನಿಮ್ಮ ಹತ್ರಾನೇ ಸೀರೆ ತಗೊಂಡಿದ್ದು. ಮುಂಭಾಗ ಮಾತ್ರ ತೋರಿಸಿದ್ರಿ. ಮನೇಲಿ ತಿರುಗಿಸಿ ನೋಡಿದ್ರೆ ಹಿಂದುಗಡೆ ಜರಿ ಎಲ್ಲ ಕಿತ್ತು ಬಂದಿತ್ತು. ನನ್ನ ತೊಂದರೆ ಬಲಗಡೆ. ಬಲಕ್ಕೆ ಮಲಗಿ ತೋರಿಸಿ, ಆಮೇಲೆ ನನ್ನ ಮಾತಾಡ್ಸಿ.”

ಮುನಿರಾಜಣ್ಣ ನನ್ನ ಕಡೆ ನೋಡಿದರು. ನಾನು ನೆಲ ನೋಡಿದೆ. ಡಾಕ್ಟರಮ್ಮ, “ತೋರಿಸಿ ಮುನಿರಾಜು, ಅದಕ್ಕೇನು?” ಎಂದು ಅವರ ತಲೆಯನ್ನು ಬಲಕ್ಕೆ ತಿರುಗಿಸಿ ಮಲಗಿಸಿಯೇಬಿಟ್ಟರು.

ಒಂದು ಸೆಕೆಂಡು. ಎರಡು ಸೆಕೆಂಡು. ಏನೂ ಇಲ್ಲ. ಅವರಿಗೆ ಧೈರ್ಯ ಬಂತು. “ನೋಡಿದ್ರಾ ಅಮ್ಮ, ಏನೂ ಆಗ...” ಅನ್ನುವಷ್ಟರಲ್ಲಿ ಕಣ್ಣುಗುಡ್ಡೆಗಳು ಹೊರಟವು. ಎರಡೂ ಕೈಯಲ್ಲಿ ಮಂಚ ಹಿಡಿದುಕೊಂಡರು. ಬಾಯಿಂದ ಮುನೇಶ್ವರ ಸ್ವಾಮಿಯ ಹೆಸರು ಬಂತು. ವಿಶಾಲಾಕ್ಷಮ್ಮ ಬಗ್ಗಿ ನೋಡಿ, “ಡಾಕ್ಟ್ರೇ, ಇವರ ಕಣ್ಣು ಕುಣೀತಿದೆ” ಎಂದರು. ಡಾಕ್ಟರಮ್ಮ ತಲೆ ಬಿಡಲಿಲ್ಲ. “ಕಣ್ಣು ಮುಚ್ಚಬೇಡಿ ಮುನಿರಾಜು. ಎಣಿಸಮ್ಮ” ಎಂದು ನನಗೆ ಹೇಳಿದರು. ಇಪ್ಪತ್ತೆರಡಕ್ಕೆ ಕಣ್ಣು ನಿಂತಿತು. ಅಲ್ಲಿಂದ ತಲೆಯನ್ನು ಎಡಕ್ಕೆ ತಿರುಗಿಸಿ, ಎಡಮಗ್ಗುಲಿಗೆ ಹೊರಳಿಸಿ, ಮುಖ ನೆಲ ನೋಡುವ ಹಾಗೆ ಹಿಡಿದು, ಮೆಲ್ಲಗೆ ಎಬ್ಬಿಸಿ ಕೂರಿಸಿದರು.

ಮುನಿರಾಜಣ್ಣ ಬೆವರು ಒರೆಸಿಕೊಂಡರು. ಸೊಂಟದಲ್ಲಿದ್ದ ಕ್ಲಿನಿಕ್ಕಿನ ಬೀಗದ ಕೈ ಗೊಂಚಲು ಬಿಚ್ಚಿ ಡಾಕ್ಟರಮ್ಮನ ಮೇಜಿನ ಮೇಲಿಟ್ಟು ಕೈಕಟ್ಟಿ ನಿಂತರು. ನನಗೆ ಕಣ್ಣೀರೇ ಬಂತು.

ಅಷ್ಟರಲ್ಲಿ ವಿಶಾಲಾಕ್ಷಮ್ಮ ಚಪ್ಪಲಿ ಬಿಟ್ಟು ಮಂಚ ಹತ್ತಿ ಕೂತಾಗಿತ್ತು. “ಇವರಿಗೆ ಮಾಡಿದ್ದನ್ನೇ ನಂಗೂ ಮಾಡಿ ಡಾಕ್ಟ್ರೇ. ಸುತ್ತು ಬಂದಿದ್ದೂ ನೋಡ್ದೆ, ನಿಂತಿದ್ದೂ ನೋಡ್ದೆ. ಇಷ್ಟು ವರ್ಷಕ್ಕೆ ಇವತ್ತು ಹಿಂಭಾಗ ತೋರಿಸಿದ್ದಾರೆ ಈ ಮನುಷ್ಯ.”

ಡಾಕ್ಟರಮ್ಮ ಆಕೆಯ ತಲೆ ಹಿಡಿದುಕೊಂಡೇ ಹೇಳಿದರು: “ಬೀಗದ ಕೈ ತಗೊಳ್ಳಿ ಮುನಿರಾಜು. ಎರಡು ದಿನ ಸೈಕಲ್ ಮುಟ್ಟಬೇಡಿ. ಹೊರಗೆ ಯಾರಿದ್ದಾರೆ ನೋಡಿ.”

ಅಂದಿನಿಂದ ಮುನಿರಾಜಣ್ಣನನ್ನು ಹಿಡಿಯುವವರೇ ಇಲ್ಲವಾದರು. ಎರಡೂ ಕಡೆ ಮಲಗುವುದು, ಆಮೇಲೆ ತಮ್ಮ ರೋಗದ ಕಥೆ ಹೇಳುವುದು. ನಾನು ಎಣಿಸಿದ ಇಪ್ಪತ್ತೆರಡು ಸೆಕೆಂಡು ಅವರ ಬಾಯಲ್ಲಿ ಮೊದಲು ಎರಡು ನಿಮಿಷವಾಯಿತು, ಆಮೇಲೆ ಐದಾಯಿತು. “ನಾನೇ ಬದುಕ್ಕೊಂಡೆ, ನಿಮ್ಮದೇನು ಮಹಾ” ಎನ್ನುತ್ತಿದ್ದರು. ಜನ ತಾವಾಗಿಯೇ ಮಂಚ ಹತ್ತುತ್ತಿದ್ದರು.

ಎರಡು ಸಾವಿರದ ಇಸವಿಯ ನಂತರ ಕಣ್ಣಿಗೆ ಕ್ಯಾಮೆರಾ ಕಟ್ಟಿ ಟಿವಿಯಲ್ಲಿ ಗುಡ್ಡೆ ತೋರಿಸುವ ಯಂತ್ರ ಬಂತು. ಪರೀಕ್ಷೆ ಹೇಗೆಂದು ತೋರಿಸುವ ಒಂದು ಸೀಡಿಯೂ ಜೊತೆಗೆ ಬಂತು. ಕಾಯುವ ಜಾಗದಲ್ಲಿ ಅದೇ ತಿರುಗುತ್ತಿತ್ತು, ಯಾರೋ ಬಿಳಿಯನೊಬ್ಬ ಬೆಳಗಿನಿಂದ ಸಂಜೆಯವರೆಗೆ ಮಲಗಿ ಏಳುತ್ತಿದ್ದ. ಮುನಿರಾಜಣ್ಣನಿಗೂ ವಯಸ್ಸಾಗಿತ್ತು, ಕೆಲಸ ಬಿಟ್ಟು ಮನೆ ಸೇರಿದರು. ಕೆಲವು ವರ್ಷದ ಮೇಲೆ ಕಿಡ್ನಿ ಕೈಕೊಟ್ಟಿದೆ ಎಂದು ತಿಳಿದು ಪುಟ್ಟೇನಹಳ್ಳಿಗೆ ನೋಡಲು ಹೋದೆ. ಗೋಡೆಗೆ ದಿಂಬು ಒತ್ತಿ ಕೂತಿದ್ದರು. ಮೀಸೆ ಬಿಟ್ಟರೆ ಮುಖದಲ್ಲಿ ಏನೂ ಉಳಿದಿರಲಿಲ್ಲ. ಹೆಂಡತಿ ಕಾಫಿ ತರಲು ಒಳಗೆ ಹೋದದ್ದೇ ತಡ, ಕೇಳಿದರು.

“ಈಗ ಮೊದಲು ಯಾರು ಮಲಗ್ತಾರೆ ಮೇಡಂ?”

ಸೀಡಿ ಎನ್ನಲು ನಾಲಿಗೆ ಬರಲಿಲ್ಲ. “ನಾನ ಮಲಗ್ತೀನ್ರಿ” ಎಂದೆ.

ಅವರು ನನ್ನನ್ನು ಮೇಲಿನಿಂದ ಕೆಳಗಿನವರೆಗೆ, ಗಿರಾಕಿಯನ್ನು ಅಳೆಯುವ ಹಾಗೆ ನೋಡಿದರು. “ಸೆರಗು ಸೊಂಟಕ್ಕೆ ಸಿಕ್ಸಿ ಮಲಗಿ. ಇಲ್ದಿದ್ರೆ ಮುಖದ ಮೇಲೆ ಬರತ್ತೆ” ಎಂದು ಹೇಳಿ, ನಿಶ್ಚಿಂತೆಯಿಂದ ದಿಂಬಿಗೆ ಒರಗಿದರು.

ಅದು ಸೋಮವಾರ. ಮಂಗಳವಾರ ಬೆಳಿಗ್ಗೆ ಮೊದಲ ಪೇಶಂಟು ಒಳಗೆ ಬಂದಾಗ ನಾನು ಟಿವಿ ಆರಿಸಿದೆ, ಸೆರಗು ಸಿಕ್ಕಿಸಿ ಮಂಚ ಹತ್ತಿದೆ. ಶನಿವಾರ ಮುನಿರಾಜಣ್ಣ ತೀರಿಕೊಂಡರು. ಅವರಿಗೆ ನಾನು ಹೇಳಿದ ಸುಳ್ಳು, ಅವರಿನ್ನೂ ಇರುವಾಗಲೇ ನಾಲ್ಕು ದಿನ ನಿಜವಾಗಿತ್ತು.