ತ್ರಿಕೋನ ಮೇಷ್ಟ್ರ ಮೊದಲ ಪಾಠ

ನಮ್ಮ ಸಂಜೆ ಕಾಲೇಜಿನಲ್ಲಿ ಅವರನ್ನು ಎಲ್ಲರೂ ತ್ರಿಕೋನ ಮೇಷ್ಟ್ರು ಎಂದೇ ಕರೆಯುತ್ತಿದ್ದರು. ಹೊಸ ವಿದ್ಯಾರ್ಥಿಗಳು ಗಣಿತದವರಿರಬೇಕು ಎಂದುಕೊಂಡು ಲೆಕ್ಕದ ಸಂಶಯ ಕೇಳಲು ಹೋಗಿ ಪೆಚ್ಚಾಗಿ ಹಿಂದಿರುಗುತ್ತಿದ್ದರು. ಅವರು ಕಲಿಸುತ್ತಿದ್ದದ್ದು ಮಾನವಶಾಸ್ತ್ರ, ಅದೂ ಮೊದಲ ವರ್ಷದ ಪರಿಚಯದ ಪಾಠ. ಜನ ಯಾರನ್ನು ನೆಂಟರು ಎನ್ನುತ್ತಾರೆ, ಯಾಕೆ ಕೊಟ್ಟು ತೆಗೆದುಕೊಳ್ಳುತ್ತಾರೆ, ಒಟ್ಟಿಗೆ ಬದುಕುವುದನ್ನು ಹೇಗೆ ಕಲಿಯುತ್ತಾರೆ ಎಂಬುದೇ ಅದರ ವಿಷಯ. ಗಂಡಸಿಗೆ ತ್ರಿಕೋನ, ಹೆಂಗಸಿಗೆ ವೃತ್ತ, ನಡುವೆ ಗೆರೆ ಎಳೆದು ಬೋರ್ಡಿನ ತುಂಬ ಸಂಸಾರ ಹೂಡುತ್ತಿದ್ದರು. ಹೆಸರು ಬಿದ್ದದ್ದು ಹಾಗೆ.

ನಾನು ಪಕ್ಕದ ಕೋಣೆಯಲ್ಲಿ ಚರಿತ್ರೆ ಹೇಳುವವಳು. ನಡುವೆ ಇದ್ದದ್ದು ಹಲಗೆಯ ಗೋಡೆ ಮಾತ್ರ. ನಾನು ಕಷ್ಟಪಟ್ಟು ಒಂದು ಸಾಮ್ರಾಜ್ಯವನ್ನು ಬೀಳಿಸುವ ಹೊತ್ತಿಗೆ ಸರಿಯಾಗಿ ಆಚೆಯಿಂದ ಅವರ ದನಿ ಏರುತ್ತಿತ್ತು. "ಬಿಟ್ಟಿ ಅನ್ನೋದು ಯಾವ ಸಮಾಜದಲ್ಲೂ ಇಲ್ಲ! ಕೊಟ್ಟೋರು ಕಾಯ್ತಾರೆ, ತಗೊಂಡೋರು ತೀರಿಸ್ತಾರೆ. ತೀರಿಸಿ ಮುಗೀತು ಅಂದ ದಿನ ಸಂಬಂಧಾನೂ ಮುಗೀತು." ಆಮೇಲೆ ದೋಣಿ ಹತ್ತಿ ಪಕ್ಕದ ದ್ವೀಪಕ್ಕೆ ಹೋಗಿ, ಚಿಪ್ಪಿನ ಹಾರ ಕೊಟ್ಟು ಚಿಪ್ಪಿನ ಬಳೆ ತರುವ ಜನರ ಕಥೆ. ವರ್ಷ ವರ್ಷ ಅದೇ. ಕೇಳಿ ಕೇಳಿ ನನಗೂ ಬಾಯಿಪಾಠವಾಗಿತ್ತು. ಎಷ್ಟೋ ಸಲ ಹೋಗಿ ಜಗಳವಾಡಿದ್ದೇನೆ. ಪಾಪ, ದನಿ ತಗ್ಗಿಸುತ್ತಿದ್ದರು, ಒಂದೆರಡು ವಾಕ್ಯದ ಮಟ್ಟಿಗೆ.

ಅವರಿಗೆ ಒಬ್ಬಳು ತಂಗಿ, ಒಡಹುಟ್ಟಿದವಳಲ್ಲ. ಅವರ ತಾಯಿ ಇಸ್ತ್ರಿ ಹಾಕಿ ಮನೆ ನಡೆಸುತ್ತಿದ್ದ ಕಾಲದಲ್ಲಿ ಪಕ್ಕದ ಬಾಡಿಗೆ ಕೋಣೆಯ ಹೆಂಗಸು ಹೆರಿಗೆಯಲ್ಲಿ ತೀರಿಕೊಂಡಳು. ಆಗಷ್ಟೇ ತಮ್ಮ ಕೂಸನ್ನು ಕಳೆದುಕೊಂಡಿದ್ದ ಇವರ ತಾಯಿ ಆ ತಬ್ಬಲಿ ಕೂಸನ್ನು ಎತ್ತಿಕೊಂಡು ಹಾಲು ಕುಡಿಸಿದರು. ಲಾರಿ ಓಡಿಸುತ್ತಿದ್ದ ಕೂಸಿನ ಅಪ್ಪ "ಸ್ವಲ್ಪ ದಿನ ನೋಡ್ಕೊಳ್ಳಿ" ಎಂದು ಹೋದವನು ಪತ್ತೆಯಿಲ್ಲ. ಅವಳ ಕಾಗದಪತ್ರಗಳಲ್ಲಿ ಮಾತ್ರ ತಂದೆಯೆಂದು ಅವನ ಹೆಸರೇ ಉಳಿಯಿತು. ಹುಡುಗಿ ಬೆಳೆದು ದರ್ಜಿ ಅಂಗಡಿ ಇಟ್ಟಳು. ಮೇಷ್ಟ್ರಿಗೆ ಅಂಗಿಗಳನ್ನೆಲ್ಲ ಅವಳೇ ಹೊಲಿಯುತ್ತಿದ್ದಳು, ಚಾಕ್‌ಪೀಸ್ ಇಡಲು ಒಳಗಡೆ ಒಂದು ಸಣ್ಣ ಜೇಬು ಸೇರಿಸಿ. "ಇಲ್ದಿದ್ರೆ ನಮ್ಮಣ್ಣ ಮೈಯೆಲ್ಲಾ ಸುಣ್ಣ ಮಾಡ್ಕೊಂಡು ಬರ್ತಾನೆ, ಮೇಡಂ" ಎನ್ನುತ್ತಿದ್ದಳು ನನ್ನ ಬಳಿ.

ಅವಳ ಎರಡೂ ಕಿಡ್ನಿ ಕೆಟ್ಟವು. ಡಯಾಲಿಸಿಸ್ ಮುಗಿಸಿ ಬಂದ ದಿನ ಹಿಂಡಿದ ಬಟ್ಟೆಯಂತೆ ಬಿದ್ದಿರುತ್ತಿದ್ದಳು. ಮಾರನೆಯ ದಿನ ಎದ್ದು ಮಷೀನಿನ ಮುಂದೆ ಕೂತರೆ ಊದಿದ ಕಾಲು ಪೆಡಲ್ ತುಳಿಯುತ್ತಿರಲಿಲ್ಲ. ಮೇಷ್ಟ್ರು ತಮ್ಮದೊಂದು ಕಿಡ್ನಿ ಕೊಡುತ್ತೇನೆಂದು ಹೊರಟರು. ಪರೀಕ್ಷೆ ಮಾಡಿದರೆ ಹೊಂದಿಕೆಯೂ ಆಯಿತು. ಅವತ್ತು ಸ್ಟಾಫ್ ರೂಮಿಗೆ ಬಂದವರು ಕುಣಿಯುವುದೊಂದು ಬಾಕಿ. "ನೋಡಿದ್ರಾ ಮೇಡಂ? ನೆಂಟಸ್ತಿಕೆ ಹುಟ್ಟಿನಿಂದ್ಲೇ ಬರ್ಬೇಕಾಗಿಲ್ಲ ಅಂತ ನಾನು ಬಡ್ಕೊಳ್ತಾ ಇರ್ಲಿಲ್ವಾ!"

ಆದರೆ ರಕ್ತಸಂಬಂಧವಿಲ್ಲದವರು ಅಂಗ ಕೊಡಬೇಕಾದರೆ ಆಸ್ಪತ್ರೆಯ ಸಮಿತಿ ಒಪ್ಪಬೇಕು. ಬಡವರ ಕಿಡ್ನಿ ಕೊಂಡು ಮಾರುವ ದಂಧೆ ತಡೆಯಲು ಇರುವ ಸಮಿತಿ ಅದು. ಇರಬೇಕಾದದ್ದೇ, ಇಲ್ಲವೆನ್ನುವುದಿಲ್ಲ. ಇಬ್ಬರನ್ನೂ ಬಲ್ಲವಳೆಂದು ಸಾಕ್ಷಿಗೆ ನಾನೂ ಹೋದೆ. ಬಾಗಿಲಲ್ಲೇ ಎಚ್ಚರಿಸಿದ್ದೆ. "ಮೇಷ್ಟ್ರೇ, ನಿಮ್ಮ ಕಾಲಿಗೆ ಬೀಳ್ತೀನಿ, ಒಳಗೆ ಪಾಠ ಮಾಡ್ಬೇಡಿ. ಕೇಳಿದ್ದಕ್ಕೆ ಹೂಂ, ಉಹೂಂ, ಅಷ್ಟೇ."

ಉದ್ದನೆಯ ಮೇಜಿನ ಹಿಂದೆ ಅಧ್ಯಕ್ಷರು, ಅವರ ಅಕ್ಕಪಕ್ಕದಲ್ಲಿ ಇಬ್ಬರು. ಅಧ್ಯಕ್ಷರೇನೂ ಕೆಟ್ಟವರಲ್ಲ. ತಂಗಿಗೆ ಕುರ್ಚಿ ಕೊಡಿಸಿ, ಫ್ಯಾನನ್ನು ಅವಳ ಕಡೆ ತಿರುಗಿಸಲು ಹೇಳಿದರು. ಆಮೇಲೆ ಮೇಷ್ಟ್ರನ್ನು ಕೇಳಿದರು.

"ನೀವು ಇವ್ರಿಗೆ ಬಿಟ್ಟಿಯಾಗಿ ಕೊಡ್ತಿದ್ದೀರಿ, ಅಲ್ವಾ? ಇದಕ್ಕೆ ಪ್ರತಿಯಾಗಿ ಏನೂ ತಗೊಂಡಿಲ್ಲ ತಾನೇ?"

ಹೂಂ ಎಂದಿದ್ದರೆ ಮುಗಿಯುತ್ತಿತ್ತು. ಆದರೆ ಮೇಷ್ಟ್ರ ಬೆನ್ನು ನೆಟ್ಟಗಾಯಿತು, ಕೈ ಗಾಳಿಯಲ್ಲಿ ಬೋರ್ಡು ಹುಡುಕಿತು.

"ಬಿಟ್ಟಿ ಅನ್ನೋದು ಯಾವ ಸಮಾಜದಲ್ಲೂ ಇಲ್ಲ ಸಾರ್" ಎಂದರು. "ಅದು ನಮ್ಮ ಶಾಸ್ತ್ರದ ಮೊದಲ ಪಾಠ."

ನಾನು ಕೆಮ್ಮಿದೆ. ತಂಗಿ ಅಂಗಿಯ ತುದಿ ಹಿಡಿದು ಎಳೆದಳು. ಕೇಳಿಸಿಕೊಂಡರೆ ತಾನೇ! ದೋಣಿ, ಹಾರ, ಬಳೆ ಎಲ್ಲಾ ಬಂತು. ಕೊನೆಗೆ ಪಾಠ ತಮ್ಮ ಮನೆಗೂ ಬಂತು. "ಇವಳಿಂದ ನಾನು ತಗೊಂಡಿದ್ದಕ್ಕೆ ಲೆಕ್ಕವಿಲ್ಲ ಸಾರ್. ಒಂದು ಕಿಡ್ನಿ ಕೊಟ್ಟ ಮಾತ್ರಕ್ಕೆ ತೀರೋದಲ್ಲ."

ಅಧ್ಯಕ್ಷರು ಪೆನ್ನು ಎತ್ತಿಕೊಂಡರು. "ಅಂದ್ರೆ ತಗೊಂಡಿದ್ದೀರಿ."

"ಧಾರಾಳವಾಗಿ" ಎಂದರು ಮೇಷ್ಟ್ರು, ಹೆಮ್ಮೆಯಿಂದ.

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಅರ್ಜಿ ತಿರಸ್ಕಾರವಾಯಿತು. ಆ ಮಾತಿನ ಅರ್ಥ ಅದಲ್ಲವೆಂದು ನಾನು ಅಂಗಲಾಚಿದೆ. ನಾಳೆ ಇದೇ ಮಾತು ಹೇಳಿಕೊಂಡು ದಲ್ಲಾಳಿಗಳು ಬಂದರೆ ಏನು ಮಾಡಲಿ ಎಂದು ಅವರು ಕೇಳಿದರು. ಮುಂದಿನ ಸಭೆಗೆ ಮತ್ತೆ ಬನ್ನಿ ಎಂದರು. ಹೊರಗೆ ಬಂದು ನಾನು ಮೇಷ್ಟ್ರನ್ನು ಬಾಯಿಗೆ ಬಂದಂತೆ ಬೈದೆ. ಅವರು ಗೋಡೆಗೆ ಒರಗಿ ನಿಂತು "ನಿಜ ಹೇಳ್ದೆ ಮೇಡಂ, ನಿಜ ತಾನೇ ಹೇಳಿದ್ದು" ಎನ್ನುತ್ತಲೇ ಇದ್ದರು. ಆ ಮುಖ ನೆನೆದರೆ ಈಗಲೂ ನನಗೆ ಸಿಟ್ಟೂ ಬರುತ್ತದೆ, ಅಳುವೂ ಬರುತ್ತದೆ.

ಮುಂದಿನ ಸಭೆ ಬೇಗ ಸೇರಲಿಲ್ಲ. ಮೇಷ್ಟ್ರು ಕಂಡಕಂಡವರ ಬಾಗಿಲು ಬಡಿದರು. ಬೆಳಗ್ಗೆ ಆಸ್ಪತ್ರೆ ಕಚೇರಿಯ ಬೆಂಚು, ಸಂಜೆ ಕ್ಲಾಸು. ಬೋರ್ಡಿನ ಮುಂದೆ ನಿಂತು ಮಾತು ಮರೆಯುತ್ತಿದ್ದರು. ಹಲಗೆಯ ಈಚೆ ನನ್ನ ಸಾಮ್ರಾಜ್ಯಗಳು ಯಾವ ಅಡ್ಡಿಯೂ ಇಲ್ಲದೆ ಬೀಳುತ್ತಿದ್ದವು. ಆ ನಿಶ್ಶಬ್ದ ನನಗೆ ಬೇಕಾಗಿರಲಿಲ್ಲ. ತಂಗಿಯ ಅಂಗಡಿಯ ಬಾಗಿಲು ಮುಚ್ಚಿತು.

ಸಭೆಗೆ ಕರೆ ಬಂದಾಗ ಮೇಷ್ಟ್ರು ಹೊಸ ಹಟ ಹಿಡಿದರು. "ಅವಳ ಎದುರಿಗೆ ನಿಂತು, ನೀನು ನಂಗೇನೂ ಕೊಟ್ಟಿಲ್ಲ ಅಂತ ಹೇಗೆ ಹೇಳ್ಲಿ?"

ತಂಗಿಯೇ ಮಂಚದಿಂದ ಗದರಿದಳು. "ಹೇಳ್ಬಿಡು ಅಣ್ಣಾ. ಒಂದು ಸುಳ್ಳಿಗೆ ನಾನೇನು ಸಾಯಲ್ಲ."

ಅದೇ ಮೇಜು, ಅದೇ ಅಧ್ಯಕ್ಷರು. ಅವಳನ್ನು ಈ ಸಲ ಗಾಲಿಕುರ್ಚಿಯಲ್ಲಿ ತಂದಿದ್ದೆವು.

"ಇವ್ರಿಂದ ನಿಮಗೆ ಏನಾದ್ರೂ ಬಂದಿದ್ಯಾ?"

ಮೇಷ್ಟ್ರು ಅಂಗಿಯ ತೋಳಿನ ಗುಂಡಿಯನ್ನು ಹಿಡಿದುಕೊಂಡು ನಿಂತಿದ್ದರು. ಆ ಅಂಗಿಯೂ ಅವಳದೇ ಹೊಲಿಗೆ. "ಇಲ್ಲ ಸಾರ್."

"ಹಿಂದೆ ಯಾವತ್ತಾದ್ರೂ?"

"ಯಾವತ್ತೂ ಏನೂ ಕೊಟ್ಟಿಲ್ಲ."

"ಹೌದು ಸಾರ್" ಎಂದಳು ತಂಗಿ. "ನಾನು ಏನೂ ಕೊಟ್ಟಿಲ್ಲ."

"ನೋಡಿ, ಇಷ್ಟೇ ಮಾತು! ಅವತ್ತೇ ಹೇಳಿದ್ರೆ ಆಗ್ತಿತ್ತು" ಎಂದು ಅಧ್ಯಕ್ಷರು ಸಂತೋಷದಿಂದಲೇ ರುಜು ಹಾಕಿದರು. ಮನೆಗೆ ಹೋಗುವಾಗ ಕಾರಿನಲ್ಲಿ ಅವಳು ಅಣ್ಣನನ್ನು ಕೆಣಕಿದಳು. "ಪರವಾಗಿಲ್ವೇ, ಒಂದ್ಸಲಾನೂ ತಡವರಿಸ್ಲಿಲ್ಲ ನೀನು." ನಾನು ನಕ್ಕೆ. ಮೇಷ್ಟ್ರು ನಗಲಿಲ್ಲ.

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಶಸ್ತ್ರಚಿಕಿತ್ಸೆಗೆ ದಾಖಲಾಗುವ ಮೊದಲೇ ಅವಳ ಶ್ವಾಸಕೋಶಕ್ಕೆ ಸೋಂಕು ತಗುಲಿತು. ಈ ಮೈ ಈಗ ಕತ್ತರಿ ತಾಳುವುದಿಲ್ಲ ಎಂದರು ವೈದ್ಯರು. ಮೇಷ್ಟ್ರು ಅವರ ಕೋಟು ಹಿಡಿದುಕೊಂಡು, ನನ್ನದು ಎರಡೂ ತಗೊಳ್ಳಿ ಎಂದು ಬೇಡಿದರು. ಬುದ್ಧಿವಂತ ಮನುಷ್ಯ, ಏನು ಹೇಳುತ್ತಿದ್ದೇನೆಂಬ ಅರಿವಿಲ್ಲದೆ ಬೇಡಿದರು. ಬಿಡಿಸಿಕೊಂಡು ಬಂದವಳು ನಾನೇ.

ಒಂದು ಮಧ್ಯಾಹ್ನ ನಾನು ಫ್ಲಾಸ್ಕಿನಲ್ಲಿ ಬಿಸಿನೀರು ತುಂಬಿಕೊಂಡು ವಾರ್ಡಿಗೆ ಬಂದಾಗ ಅವಳು ಕಷ್ಟಪಟ್ಟು ಮಾತಾಡುತ್ತಿದ್ದಳು.

"ಅಣ್ಣಾ, ಅವತ್ತು ಹೇಳಿದ್ಯಲ್ಲ, ನಾನೇನೂ ಕೊಟ್ಟಿಲ್ಲ ಅಂತ."

"ಹೂಂ."

"ಸುಳ್ಳು ಅಂತ ಗೊತ್ತು. ಆದ್ರೂ ಕಿವೀಲೇ ಕೂತಿದೆ ಕಣೋ. ಈಗ ಸರಿಯಾಗಿ ಹೇಳು."

ಮೇಷ್ಟ್ರು ಸ್ಟೂಲನ್ನು ಹತ್ತಿರಕ್ಕೆ ಎಳೆದುಕೊಂಡರು. ಕ್ಲಾಸಿನ ದನಿಯಲ್ಲ, ಅಷ್ಟು ಮೆಲ್ಲಗೆ ಅವರು ಮಾತಾಡಿದ್ದನ್ನು ನಾನು ಕೇಳಿದ್ದೇ ಇಲ್ಲ. "ನಾನು ಫೇಲಾದ ದಿನ ನೀನು ಅಮ್ಮನ ಹತ್ರ ಸುಳ್ಳು ಹೇಳಿ ನನ್ನ ಉಳಿಸಿದೆ. ನೀನು ಮೊದಲು ಹೊಲಿದ ಅಂಗಿ, ಒಂದು ತೋಳು ಉದ್ದ. ಅದನ್ನೇ ಹಾಕ್ಕೊಂಡು ಕೆಲಸಕ್ಕೆ ಸೇರಿದೆ." ತೋಳಿನ ಮಾತಿಗೆ ಅವಳು ಕಣ್ಣು ಮುಚ್ಚಿಕೊಂಡೇ ನಕ್ಕಳು. "ಅಮ್ಮ ಹಾಸಿಗೆ ಹಿಡಿದಾಗ ನೀನೇ ತುತ್ತು ಮಾಡಿ ಇಟ್ಟೆ, ನಂಗೆ ಪರೀಕ್ಷೆ ಅಂತ ಏಳೋಕೂ ಬಿಡ್ಲಿಲ್ಲ. ಅಮ್ಮ ಹೋದ್ಮೇಲೆ ನಾನು ಉಣ್ಣೋವರೆಗೆ ನೀನೂ ಉಣ್ಲಿಲ್ಲ. ಚಾಕ್‌ಪೀಸಿಗೆ ಜೇಬು ಹೊಲಿದೆ."

ಸಿಸ್ಟರ್ ಬಂದು ಅವಳ ಮಣಿಕಟ್ಟು ಹಿಡಿದು ನೋಡಿದರು. ಇನ್ನೊಮ್ಮೆ ನೋಡಿದರು. ಆಮೇಲೆ ನನ್ನ ಮುಖ ನೋಡಿದರು. ನಾನು ಫ್ಲಾಸ್ಕನ್ನು ಕೆಳಗಿಟ್ಟು ಮೇಷ್ಟ್ರ ಹೆಗಲ ಮೇಲೆ ಕೈಯಿಟ್ಟೆ.

"ಇರಿ ಮೇಡಂ" ಎಂದರು, ಅವಳ ಮುಖದಿಂದ ಕಣ್ಣು ಕೀಳದೆ. "ಇನ್ನೂ ಮುಗಿದಿಲ್ಲ."