ಎಸೆದು ನೋಡಿದ ಮಾತು

ನಮ್ಮ ಚಿಕ್ಕಮ್ಮ ರೇಡಿಯೊಗೆ ಸಂಸಾರದ ಧಾರಾವಾಹಿ ಬರೆಯುತ್ತಾಳೆ. ಕೇಳಿದವರೆಲ್ಲ, "ನಮ್ಮ ಮನೆ ಬಾಗಿಲಿಗೆ ಕಿವಿಯಿಟ್ಟು ಬರೆದ ಹಾಗಿದೆ" ಎನ್ನುತ್ತಾರೆ. ಅವಳು ಕಿವಿಯಿಟ್ಟದ್ದು ತನ್ನ ಮನೆಗೇ ಎಂಬುದು ಅವರಿಗೇನು ಗೊತ್ತು! ಊರಿಗೆ ಉಪಕಾರಿ, ಮನೆಗೆ ಮಾರಿ.

ಅವಳ ಕೆಲಸದ ರೀತಿಯೇ ಹಾಗೆ. ಪಾತ್ರ ಆಡಬೇಕಾದ ಮಾತನ್ನು ಮೊದಲು ಮನೆಯವರ ಮೇಲೆ ಎಸೆದು ನೋಡುವುದು, ಬಂದ ಉತ್ತರವನ್ನು ಹಾಗೇ ಬರೆದುಕೊಳ್ಳುವುದು. ಒಮ್ಮೆ ಊಟದ ನಡುವೆ ಚಿಕ್ಕಪ್ಪನಿಗೆ, "ನಿಮ್ಮನ್ನ ಕಟ್ಕೊಂಡು ನಾನು ಒಂದು ದಿನಾನೂ ಸುಖ ಕಂಡಿಲ್ಲ" ಅಂದಳು. ಅವರ ತುತ್ತು ಕೈಯಲ್ಲೇ ಉಳಿಯಿತು. "ಗೊತ್ತಿತ್ತು" ಅಂದರು. "ಅಯ್ಯೋ, ಕಂತಿಗೆ ಕಣ್ರೀ!" ಎಂದು ನಕ್ಕ ಚಿಕ್ಕಮ್ಮ ಆ "ಗೊತ್ತಿತ್ತು" ಬರೆದುಕೊಳ್ಳಲು ಎದ್ದಳು. ಆ ಕಂತು ಕೇಳಿ ಊರೆಲ್ಲ ಅತ್ತಿತು. ಚಿಕ್ಕಪ್ಪ ಮಾತ್ರ ಅವಳೆದುರು ಬಾಯಿ ಬಿಡುವುದನ್ನೇ ಕಡಿಮೆ ಮಾಡಿದರು. ನಾನಾಗಿದ್ದರೆ ತಟ್ಟೆ ಎತ್ತಿ ಒಗೆಯುತ್ತಿದ್ದೆ.

ಆಮೇಲೆ ಮಗಳ ಸರದಿ. ಅವಳು ಆಸ್ಪತ್ರೆಯಲ್ಲಿ ನರ್ಸು. ಪಾಳಿ ಮುಗಿಸಿ ಬಂದು ಚಪ್ಪಲಿ ಬಿಡುತ್ತಿದ್ದಾಗ ಚಿಕ್ಕಮ್ಮ, "ನೀನು ಹುಟ್ಟದೇ ಇದ್ದಿದ್ರೆ ನಾನು ಚೆನ್ನಾಗಿರ್ತಿದ್ದೆ" ಎಂದು ಎಸೆದಳು. ಹುಡುಗಿ ಗೋಡೆಗೆ ಒರಗಿ ಕುಸಿದು, "ನಾನೇನು ಮಾಡ್ದೆ ಅಮ್ಮಾ?" ಎಂದು ಅತ್ತಳು. ಇದು ಕಂತಿಗೆ ಎಂದು ಚಿಕ್ಕಮ್ಮ ಆಮೇಲೆ ಹೇಳಿದಳು, ನಿಜ. ಆದರೆ ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಮುಂದಿನ ವಾರ ವಾರ್ಡಿನ ರೇಡಿಯೊದಲ್ಲಿ ಯಾರೋ ನಟಿ "ನಾನೇನು ಮಾಡ್ದೆ ಅಮ್ಮಾ?" ಎಂದು ಅತ್ತಳು. ರೋಗಿಗಳು ಕಣ್ಣೊರೆಸಿಕೊಂಡರು. ಅವರ ನಡುವೆ ಸೂಜಿ ಹಿಡಿದು ನಿಂತಿದ್ದ ಹುಡುಗಿ ಅಂದೇ ಬೇರೆ ರೂಮು ಹುಡುಕತೊಡಗಿದಳು.

ಅವಳು ಹೊರಡುವ ದಿನ ಪೆಟ್ಟಿಗೆ ಎತ್ತಲು ನಾನು ಹೋಗಿದ್ದೆ. ಚಿಕ್ಕಮ್ಮ ಬಾಗಿಲಿಗೆ ಅಡ್ಡ ನಿಂತು ಮಗಳ ಎರಡೂ ಕೈ ಹಿಡಿದಳು.

"ಹೋಗ್ಬೇಡ ಕಣೇ. ನೀನಿಲ್ದೆ ಈ ಮನೇಲಿ ನಾನು ಹೇಗಿರ್ಲಿ?"

ದಾರಿಯುದ್ದಕ್ಕೂ ಚಿಕ್ಕಮ್ಮನನ್ನು ಬೈದುಕೊಂಡು ಬಂದಿದ್ದ ನನಗೂ ಪಾಪ ಅನ್ನಿಸಿತು.

ಮಗಳು ಅವಳ ಮುಖವನ್ನೇ ನೋಡಿದಳು. ಸಿಟ್ಟಿಲ್ಲ, ಅಳುವಿಲ್ಲ.

"ಇದು ಯಾವ ಕಂತಿಗಮ್ಮ?"

ಅಷ್ಟೊಂದು ಜಗಳಗಳಿಗೆ ಉತ್ತರ ಬರೆದವಳು ಮಗಳ ಕೈಯನ್ನು ಇನ್ನೂ ಬಿಗಿಯಾಗಿ ಹಿಡಿದಳು. ಚಿಕ್ಕಪ್ಪ ಒಳಗಿಂದ ನೋಡುತ್ತಿದ್ದರು. ಮಗಳು ಮೆಲ್ಲಗೆ ಕೈ ಬಿಡಿಸಿಕೊಂಡು ಹೊರಟಳು.

ಧಾರಾವಾಹಿ ಈಗಲೂ ನಡೆಯುತ್ತಿದೆ. ಈಚಿನ ಕಂತಿನಲ್ಲಿ ತಾಯಿ ಬಾಗಿಲಲ್ಲಿ ನಿಂತು ಬೇಡುತ್ತಾಳೆ, ಮಗಳು ಪೆಟ್ಟಿಗೆ ಕೆಳಗಿಡುತ್ತಾಳೆ. ನಂಬುವಂತಿಲ್ಲ ಎಂದು ಕೇಳುಗರು ದೂರುತ್ತಿದ್ದಾರಂತೆ. ಮಗಳ ರೂಮಿನಲ್ಲಿ ರೇಡಿಯೊ ಇಲ್ಲ.