ಒಂಬತ್ತಲ್ಲ, ಅರ್ಕಾವತ್ತು

ಶಿವಮೊಗ್ಗ ಜಿಲ್ಲೆಯ ಕಾಲೇಜುಗಳಲ್ಲಿ ಕಂಪ್ಯೂಟರನ್ನು ಗಾಜಿನ ಬಾಗಿಲ ಹಿಂದೆ ಇಟ್ಟು, ಚಪ್ಪಲಿ ಕಳಚಿ ಒಳಗೆ ಹೋಗಿ ದೂರದಿಂದ ದರ್ಶನ ಪಡೆಯಬೇಕೆಂಬ ಪದ್ಧತಿ ಇದ್ದ ಕಾಲದಲ್ಲಿ, ಆ ಬಾಗಿಲು ತೆರೆದು ಕಾರ್ಮಿಕರ ಮಕ್ಕಳ ಕೈಗೆ ಕೀಬೋರ್ಡು ಕೊಟ್ಟ ಅಧ್ಯಾಪಕರ ಸಾಲಿನಲ್ಲಿ ಶ್ರೀಮತಿ ವಿಮಲಾ ಅವರ ಹೆಸರು ಮೊದಲಿಗೆ ಬರುತ್ತದೆ. ಭದ್ರಾವತಿಯ ಭದ್ರಾತೀರ ಪಾಲಿಟೆಕ್ನಿಕ್ಕಿನಲ್ಲಿ ಉಪನ್ಯಾಸಕಿಯಾಗಿ ಸೇರಿದ ಅವರು ಈ ತಿಂಗಳ ಕೊನೆಗೆ ಕಂಪ್ಯೂಟರ್ ವಿಭಾಗದ ಮುಖ್ಯಸ್ಥೆಯಾಗಿ ನಿವೃತ್ತರಾಗುತ್ತಿದ್ದಾರೆ. ಪ್ರಾಂಶುಪಾಲರಾಗಿ ನಿವೃತ್ತರಾಗಬೇಕಿತ್ತು, ಆಗಲಿಲ್ಲ. ಏಕೆ ಆಗಲಿಲ್ಲ ಎಂಬುದನ್ನು ಮುಚ್ಚಿಟ್ಟು ಅವರನ್ನು ಅಭಿನಂದಿಸುವ ವಿದ್ಯೆ ನನಗೆ ಬಾರದು.

ಈ ಸಂಪುಟಕ್ಕೆ ಲೇಖನ ಬೇಕೆಂದು ಅಭಿನಂದನ ಸಮಿತಿಯ ಅಧ್ಯಕ್ಷರೂ ನಮ್ಮ ಹಿಂದಿನ ಪ್ರಾಂಶುಪಾಲರೂ ಆದ ಶ್ರೀನಿವಾಸಮೂರ್ತಿಯವರು ವಿಭಾಗಕ್ಕೇ ಬಂದು ಕೇಳಿದಾಗ, ಜೊತೆಗೆ ಒಂದು ಹಿತವಚನವನ್ನೂ ಹೇಳಿದರು.

"ಮಂಗಳಕಾರ್ಯದ ಪುಸ್ತಕ ಕಣಮ್ಮ ಕವನಾ. ಅದ್ರಲ್ಲಿ ನೋಟಿಸು ಗೀಟಿಸು ಎತ್ಬೇಡ. ಅವರ ಮಾತೃಹೃದಯದ ಬಗ್ಗೆ ನಾಲ್ಕು ಮಾತು ಬರಿ, ಸಾಕು."

"ಸರ್, ನೀವು ರಿಟೈರ್ ಆದಾಗ ನಿಮ್ಮ ಪಿತೃಹೃದಯದ ಬಗ್ಗೆ ಯಾರಾದ್ರೂ ಬರೆದ್ರಾ? ನಿಮ್ಮ ವಿದ್ವತ್ತಿನ ಬಗ್ಗೆ ಬರೆಸಿದ್ರಿ" ಎಂದೆ.

"ನಿನ್ ಬಾಯಿಗೆ ಬೀಗ ಇಲ್ಲ ಮಾರಾಯ್ತಿ" ಎಂದು ನಕ್ಕು ಹೋದರು. ಅವರ ಮೇಲೆ ನನಗೆ ಗೌರವವಿದೆ. ಆದರೂ ಹೇಳುತ್ತೇನೆ: ಇಡೀ ವೃತ್ತಿಜೀವನ ಮಕ್ಕಳಿಗೆ ಪ್ರೋಗ್ರಾಂ ಬರೆಯುವುದನ್ನು ಕಲಿಸಿದ ಹೆಂಗಸನ್ನು ಕೊನೆಯ ದಿನ ಬರೀ ತಾಯಿ ಮಾಡಿ ಮನೆಗೆ ಕಳಿಸುವ ಈ ರೂಢಿ ನನಗೆ ಸಿಟ್ಟು ತರಿಸುತ್ತದೆ. ನಾನು ಅವರ ವಿದ್ಯಾರ್ಥಿನಿ, ಈಗ ಅದೇ ವಿಭಾಗದ ಸಹೋದ್ಯೋಗಿ. ನಾನು ಬರೆಯುವುದು ಅವರ ಪಾಠದ ಬಗ್ಗೆ.

ವಿಮಲಾ ಮೇಡಂ ಹುಟ್ಟಿದ್ದು ಹೊಳಲೂರಿನಲ್ಲಿ, ಮನೆ ಇರುವುದು ಶಿವಮೊಗ್ಗದ ನವುಲೆಯಲ್ಲಿ, ಬದುಕಿದ್ದು ಮಾತ್ರ ಹೆಚ್ಚು ಪಾಲು ಭದ್ರಾವತಿಯ ಲ್ಯಾಬಿನಲ್ಲಿ. ಹೊಸ ಪಠ್ಯಕ್ರಮದಲ್ಲಿ ಪೈಥಾನ್, ಎಂದರೆ ಹೆಬ್ಬಾವು, ಎಂಬ ಹೆಸರಿನ ಕಂಪ್ಯೂಟರ್ ಭಾಷೆ ಬರುವುದಕ್ಕೆ ಎಷ್ಟೋ ಮೊದಲೇ, ಬೇಸಿಗೆ ರಜೆಯಲ್ಲಿ, ನಲವತ್ತು ದಾಟಿದ ವಯಸ್ಸಿನಲ್ಲಿ, ಯಾರೂ ಹೇಳದೆ ಕೇಳದೆ ಅವರು ಅದನ್ನು ತಾವಾಗಿ ಕಲಿತರು. ಆ ವಯಸ್ಸಿನಲ್ಲಿ ಇದ್ದುದನ್ನೇ ಉರು ಹೊಡೆಸಿ ಸಂಬಳ ಎಣಿಸುತ್ತಿದ್ದ ಮಹನೀಯರು ಸ್ಟಾಫ್ ರೂಮಿನಲ್ಲಿ "ಮೇಡಂ ಹಾವಾಡಿಸೋದು ಕಲೀತಿದಾರಂತೆ" ಎಂದು ಚೇಷ್ಟೆ ಮಾಡಿದರಂತೆ. ಮುಂದೆ ಪಠ್ಯಕ್ರಮ ಬದಲಾದಾಗ ಅದೇ ಮಹನೀಯರು ಮೇಡಂ ಟಿಪ್ಪಣಿಗಳ ಜೆರಾಕ್ಸ್ ಪ್ರತಿ ಹಿಡಿದು ಪಾಠ ಮಾಡಿದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ.

ನಾನು ಅವರ ತರಗತಿಗೆ ಬಂದದ್ದು ಭದ್ರಾವತಿ ಹಳೇ ನಗರದ ಕನ್ನಡ ಶಾಲೆಯಿಂದ. ತಂದೆ ಧರ್ಮಪ್ಪ ಕಾರ್ಖಾನೆಯಲ್ಲಿ ಗುತ್ತಿಗೆ ಕೆಲಸದಲ್ಲಿದ್ದವರು, ಆ ಕೆಲಸ ನಿಂತ ಮೇಲೆ ಅಕ್ಕಿ ಗಿರಣಿಗೆ ಹೋಗುತ್ತಿದ್ದರು. ಇಂಗ್ಲಿಷ್ ಪುಸ್ತಕ ತೆರೆದರೆ ನನಗೆ ತಲೆ ಸುತ್ತುತ್ತಿತ್ತು. ಮೇಡಂ ಪುಸ್ತಕ ಮುಚ್ಚಿಸಿ, ಕನ್ನಡದಲ್ಲಿ ಶುರು ಮಾಡಿದರು: "ಸರ್ವರ್ ಅಂದ್ರೆ ಬೇರೇನಲ್ಲ, ಬಸ್ ಸ್ಟ್ಯಾಂಡಲ್ಲಿ ಕೌಂಟರ್ ಹಿಂದೆ ಕೂತಿರ್ತಾರಲ್ಲ, ಅವರು. ಪೋರ್ಟ್ ಅಂದ್ರೆ ಕಿಟಕಿ ನಂಬರು. ಪಾಸ್ ಕೊಡೋ ಕಿಟಕೀಲಿ ನಿಂತ್ಕೊಂಡು ತೀರ್ಥಹಳ್ಳಿ ಬಸ್ ಎಷ್ಟೊತ್ತಿಗೆ ಅಂತ ಕೇಳಿದ್ರೆ ಏನಾಗುತ್ತೆ?" "ಬೈತಾರೆ ಮೇಡಂ" ಎಂದು ಇಡೀ ತರಗತಿ ಕೂಗಿತು. "ಹಾಂ, ಆ ಬೈಗುಳಕ್ಕೆ ಎರರ್ ಅಂತಾರೆ." ನೆಟ್‌ವರ್ಕ್ ಎಂಬುದರ ಭಯ ನನಗೆ ಹೋದದ್ದು ಆ ಗಳಿಗೆಯಲ್ಲಿ. ಸಾಲುಗಳ ಆರಂಭ ಒಂದಕ್ಕೊಂದು ನೇರವಾಗಿರದಿದ್ದರೆ ಪೈಥಾನ್ ಮುನಿಸಿಕೊಳ್ಳುತ್ತದೆ. ಅದನ್ನು ಅವರು ಚುಕ್ಕಿ ತಪ್ಪಿದ ರಂಗೋಲಿಯೆಂದು ತೋರಿಸಿದರು. ಸ್ವಂತ ಲ್ಯಾಪ್‌ಟಾಪನ್ನು ಶನಿವಾರಗಳಂದು ನನ್ನ ಮುಂದಿಟ್ಟು, ತಾವು ಪಕ್ಕದ ಬೆಂಚಿನಲ್ಲಿ ಉತ್ತರಪತ್ರಿಕೆ ತಿದ್ದುತ್ತ ಕೂರುತ್ತಿದ್ದರು. ಇಷ್ಟನ್ನು ಬರೆದು ಮುಗಿಸಿದ್ದರೆ ಸಮಿತಿಗೆ ಸಂತೋಷವಾಗುತ್ತಿತ್ತೇನೋ.

ಡಿಪ್ಲೊಮಾ ಮುಗಿಸಿ, ಎಂಜಿನಿಯರಿಂಗಿನ ಎರಡನೇ ವರ್ಷಕ್ಕೆ ನೇರವಾಗಿ ಸೇರಲು ನಾನು ಅರ್ಜಿ ಹಾಕಿದೆ. ಪ್ರವೇಶದ ವೆಬ್‌ಸೈಟಿನಲ್ಲಿ ತಂದೆಯ ಹೆಸರನ್ನು ಕನ್ನಡದಲ್ಲಿ ಟೈಪ್ ಮಾಡಬೇಕು. ಶಾಲೆಯ ಹಳೆಯ ದಾಖಲೆಯಲ್ಲಿರುವ ಹೆಸರಿಗೆ ಅದು ತಾಳೆಯಾದರೆ ಮಾತ್ರ ಮುಂದಿನ ಪುಟ. ನನ್ನ ಪರದೆಯ ಮೇಲೆ ಎರಡು ಹೆಸರುಗಳು ಒಂದರ ಕೆಳಗೊಂದು ಬಂದವು. ಎರಡೂ ನನ್ನ ಅಪ್ಪನ ಹೆಸರೇ. ಪಕ್ಕದಲ್ಲಿ ಕೆಂಪಕ್ಷರದಲ್ಲಿ "ಹೆಸರು ಹೊಂದಾಣಿಕೆಯಾಗುತ್ತಿಲ್ಲ".

ಅಪ್ಪನೊಂದಿಗೆ ಶಿವಮೊಗ್ಗದ ಸಹಾಯ ಕೇಂದ್ರಕ್ಕೆ ಹೋದೆ. ಕಿಟಕಿಯ ಹಿಂದಿದ್ದವರು ಪರದೆಯನ್ನು ಒಮ್ಮೆ ನೋಡಿ, "ತಂದೆ ಹೆಸರು ಬೇರೆ ಇದೆ. ಬದಲಾಯಿಸ್ಕೊಂಡು ಬನ್ನಿ" ಎಂದರು.

"ಸ್ವಾಮಿ, ಎರಡೂ ನನ್ ಹೆಸ್ರೇ ಅಲ್ವ?" ಎಂದರು ಅಪ್ಪ.

"ಕಂಪ್ಯೂಟರ್ ಅಲ್ಲ ಅಂತಿದೆಯಲ್ಲ! ಕೋರ್ಟಲ್ಲಿ ಅಫಿಡವಿಟ್ ಮಾಡಿಸಿ, ಬೇರೆ ಹೆಸರು ಇಟ್ಕೊಳ್ಳಿ. ಮುಂದಿನೋರು ಬನ್ನಿ."

ಹೆತ್ತ ತಂದೆಯನ್ನು ಎದುರಿಗೆ ನಿಲ್ಲಿಸಿಕೊಂಡು ಅಪ್ಪ ಬೇರೆ ಎಂದು ಹೇಳುವ ಧೈರ್ಯ ಒಂದು ಯಂತ್ರಕ್ಕೆ ಬಂದರೆ ಅದು ಯಂತ್ರದ ದೋಷ. ಅದನ್ನು ನಂಬಿ ಮನುಷ್ಯನಿಗೆ ಹೆಸರು ಬದಲಿಸೆನ್ನುವವರದು ಏನು ದೋಷವೋ, ಇಷ್ಟು ವರ್ಷವಾದರೂ ನನಗೆ ಸರಿಯಾದ ಪದ ಸಿಕ್ಕಿಲ್ಲ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎಂಬ ಮಾತು ಇಂಥ ಕಿಟಕಿಗಳ ಮುಂದೆಯೇ ಹುಟ್ಟಿರಬೇಕು. ಬಸ್ಸಿನಲ್ಲಿ ಅಪ್ಪ, "ಬದ್ಲಾಯ್ಸ್ಕಂಡ್ರಾಯ್ತು ಬಿಡವ್ವ. ನಂಗೇನು, ಯಾವ್ ಹೆಸ್ರಾದ್ರೇನು. ನಿನ್ ಸೀಟು ಮುಖ್ಯ" ಎಂದರು. ಅದು ಅವರಿಗೆ ಇಟ್ಟಿದ್ದ ಅವರ ಅಜ್ಜನ ಹೆಸರು. ನಾನು ಕಿಟಕಿಯ ಕಡೆ ಮುಖ ತಿರುಗಿಸಿಕೊಂಡು ಅತ್ತೆ.

ಭದ್ರಾವತಿಯಲ್ಲಿ ಇಳಿದವಳೇ ಅಪ್ಪನನ್ನು ಕರೆದುಕೊಂಡು ಲ್ಯಾಬಿಗೆ ಹೋದೆ. ಮೇಡಂ ಎಲ್ಲವನ್ನೂ ಕೇಳಿಸಿಕೊಂಡರು. ಅವರ ಮುಖ ಕೆಂಪಾದದ್ದನ್ನು ನಾನು ನೋಡಿದ್ದು ಅದೇ ಮೊದಲು. "ಧರ್ಮಪ್ಪೋರೇ, ನೀವು ಹೆಸರು ಬದಲಾಯಿಸೋದೂ ಬೇಡ, ಕೋರ್ಟಿಗೆ ಹೋಗೋದೂ ಬೇಡ. ಕೂತ್ಕೊಳ್ಳಿ, ಕಾಫಿ ತರಿಸ್ತೀನಿ" ಎಂದರು. ನನ್ನ ಕಡೆ ತಿರುಗಿ, "ಕಣ್ಣು ಒರೆಸ್ಕೊಂಡು ಪ್ರೋಗ್ರಾಂ ಬರಿ. ಎರಡೂ ಹೆಸರನ್ನ ಬಿಡಿಸಿ, ಒಂದೊಂದು ಅಕ್ಷರಾನೂ ನೀನು ಯಾರಪ್ಪ ಅಂತ ಕೇಳು" ಎಂದರು.

ನಾಲ್ಕೈದು ಸಾಲಿನ ಪ್ರೋಗ್ರಾಂ. ನಾನು ಟೈಪ್ ಮಾಡಿದ್ದ ಹೆಸರು ಧ, ರ, ಒತ್ತಿನ ಗುರುತು, ಮ ಎಂದು ಬಿಡಿಬಿಡಿಯಾಗಿ ನಿಂತಿತು. ದಾಖಲೆಯಲ್ಲಿದ್ದ ಹೆಸರಿನಲ್ಲಿ ಧ ಬಂತು, ಮ ಬಂತು, ಆಮೇಲೆ "ಕನ್ನಡ ಅಂಕಿ ಒಂಬತ್ತು" ಎಂಬರ್ಥದ ಇಂಗ್ಲಿಷ್ ಸಾಲು ಬಂತು. ನನ್ನ ಸಹಪಾಠಿ ಹಾಲೇಶ್ ಹಿಂದಿನಿಂದ ಬಗ್ಗಿ ನೋಡಿ, "ಒಂಬತ್ತಾ? ನಿಮ್ಮಪ್ಪನ ಹೆಸರಲ್ಲಿ ಒಂಬತ್ತು ಎಲ್ಲಿಂದ ಬಂತು ಮಾರಾಯ್ತಿ?" ಎಂದ.

ಬಂದದ್ದು ನಮ್ಮೆಲ್ಲರ ಅಭ್ಯಾಸದಿಂದ. ಅಕ್ಷರದ ಬಲಗಡೆ ಕೂರುವ ಅರ್ಕಾವತ್ತು ನೋಡಲು ಥೇಟ್ ಕನ್ನಡದ ಒಂಬತ್ತು. ಹಾಗಾಗಿ ಧರ್ಮಪ್ಪ ಎಂದು ಟೈಪಿಸುವ ಬದಲು ಧ, ಮ, ಒಂಬತ್ತು ಎಂದು ಒತ್ತಿ, ಧಮ೯ಪ್ಪ ಎಂದು ಕೈ ತೊಳೆದುಕೊಂಡವರು ಎಲ್ಲೆಲ್ಲೂ ಇದ್ದಾರೆ. ಮಾರನೆಯ ದಿನ ಮೇಡಂ ನಮ್ಮನ್ನು ಶಿವಮೊಗ್ಗದ ದುರ್ಗಿಗುಡಿ ರಸ್ತೆಯಲ್ಲಿ ನಡೆಸಿಕೊಂಡು ಹೋಗಿ ಬೋರ್ಡುಗಳನ್ನು ಓದಿಸಿದರು. ಆ ರಸ್ತೆಯ ಹೆಸರೇ ಎರಡು ಅಂಗಡಿಗಳ ಮೇಲೆ ದುಗಿ೯ಗುಡಿ ಆಗಿತ್ತು. ಶಾಲೆಗಳ ದಾಖಲೆ ಟೈಪ್ ಮಾಡಿಕೊಡುತ್ತಿದ್ದ ಡಿಟಿಪಿ ಅಂಗಡಿಯ ಮಲ್ಲೇಶ್ ಅವರನ್ನು ಕೇಳಿದಾಗ ಅವರು ಏನನ್ನೂ ಮುಚ್ಚಿಡಲಿಲ್ಲ.

"ರ ಒತ್ತಿ, ಆಮೇಲೆ ಇನ್ನೊಂದು ಕೀ ಒತ್ತಿ, ಆಮೇಲೆ ಮ ಒತ್ತೋದು ಯಾರಿಗ್ ಬೇಕು ಮೇಡಂ? ಒಂಬತ್ತು ಒತ್ತಿದ್ರೆ ಕೆಲ್ಸ ಖತಂ. ಬೋರ್ಡ್ ಓದಿದೋರು ಯಾರೂ ಇವತ್ತಿನವರೆಗೂ ತಕರಾರು ತೆಗ್ದಿಲ್ಲ."

"ಬೋರ್ಡನ್ನ ಓದೋರಿಗೆ ಕಣ್ಣಿದೆ ಮಲ್ಲೇಶ್. ಕಂಪ್ಯೂಟರಿಗಿಲ್ಲ" ಎಂದರು ಮೇಡಂ. ಅವರ ಮೇಲೆ ಕೂಗಾಡಲಿಲ್ಲ. ಕೂಗಾಡಬೇಕಾದವರು ಬೇರೆ ಇದ್ದರು. ಕನ್ನಡದ ಹೆಸರುಗಳನ್ನು ತಾಳೆ ನೋಡುವ ಯಂತ್ರ ಕಟ್ಟಲು ಹೊರಟವರಿಗೆ, ಕನ್ನಡ ಬರೆಯುವವರು ಎಲ್ಲಿ ಎಡವುತ್ತಾರೆಂಬುದು ಗೊತ್ತಿರಬೇಡವೇ? ಶರ್ಮ, ಪಾರ್ವತಿ, ದುರ್ಗಪ್ಪ, ಊರ್ಮಿಳಾ, ಇಷ್ಟೂ ಜನ ಹೆಸರು ಬದಲಾಯಿಸಬೇಕೇ? ಹಾಗಾದರೆ ಕರ್ನಾಟಕವೂ ಕೋರ್ಟಿಗೆ ಹೋಗಿ ಅಫಿಡವಿಟ್ ಮಾಡಿಸಬೇಕಾಗುತ್ತದೆ.

ವೆಬ್‌ಸೈಟಿನಲ್ಲಿ ಎಲ್ಲರೂ ನೋಡಬಹುದಾಗಿದ್ದ, ಶಾಲಾ ದಾಖಲೆಯ ಹೆಸರುಗಳಿದ್ದ ಅರ್ಜಿದಾರರ ತಾತ್ಕಾಲಿಕ ಪಟ್ಟಿ ಇತ್ತು. ಅದರ ಪುಟಗಳನ್ನು ಒಂದೊಂದಾಗಿ ತರಿಸಿ, ಹೆಸರಿನ ನಡುವೆ ಒಂಬತ್ತು ಸಿಕ್ಕಿಕೊಂಡವರನ್ನು ಹುಡುಕುವ ಪ್ರೋಗ್ರಾಮನ್ನು ಮೇಡಂ ನಮ್ಮಿಂದ ಬರೆಸಿದರು. ಒಂದು ಪುಟ ಕೇಳಿದ ಮೇಲೆ ಇನ್ನೊಂದನ್ನು ಕೇಳುವ ಮುನ್ನ ಸ್ವಲ್ಪ ಹೊತ್ತು ಕಾಯುವ ಸಾಲನ್ನು ತಾವೇ ಸೇರಿಸಿ, "ಕೌಂಟರಲ್ಲಿ ನೂಕುನುಗ್ಗಲು ಮಾಡ್ಬಾರ್ದು. ಅವರಿಗೂ ಉಸಿರಾಡೋಕೆ ಬಿಡಿ" ಎಂದರು. ನನ್ನಂತೆ ಸಿಕ್ಕಿಹಾಕಿಕೊಂಡವರು ನೂರಾರು ಮಂದಿ ಸಿಕ್ಕರು. ಮೇಡಂ ಕಾರಣವನ್ನೂ, ತಾಳೆ ನೋಡುವ ಮುನ್ನ ಹೆಸರಿನ ನಡುವಿನ ಒಂಬತ್ತನ್ನು ಅರ್ಕಾವತ್ತಾಗಿ ತಿದ್ದಿಕೊಳ್ಳಿ ಎಂಬ ಪರಿಹಾರವನ್ನೂ ಬರೆದು ಪ್ರವೇಶ ಕಚೇರಿಗೆ ಕಳಿಸಿದರು.

ಬಂದ ಉತ್ತರವೇನು? "ಭದ್ರಾವತಿಯಿಂದ ನಮ್ಮ ವೆಬ್‌ಸೈಟಿನ ಮೇಲೆ ದಾಳಿ ನಡೆದಿದೆ" ಎಂದು, ನಾವು ಪುಟ ತರಿಸಿಕೊಂಡದ್ದನ್ನೇ ನೆಪ ಮಾಡಿ, ಸೈಟು ಕಟ್ಟಿದ ಗುತ್ತಿಗೆದಾರರು ನಮ್ಮ ಆಡಳಿತ ಮಂಡಳಿಗೆ ದೂರು ಕೊಟ್ಟರು. ಮಂಡಳಿಯವರು ಒಂದು ಮಾತೂ ಕೇಳದೆ, ಜೂನ್ ೯ನೇ ತಾರೀಖಿನಂದು ಮೇಡಂಗೆ ಕಾರಣ ಕೇಳಿ ನೋಟಿಸು ಕೊಡಿಸಿದರು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ. ನೋಟಿಸಿನ ಕೆಳಗೆ ಅಂದಿನ ಪ್ರಾಂಶುಪಾಲರ ರುಜು ಇತ್ತು. ಮೇಡಂ ಉತ್ತರ ಬರೆದರು, ಪ್ರೋಗ್ರಾಮಿನ ಪ್ರತಿಯನ್ನೂ ಲಗತ್ತಿಸಿದರು, ಕಾಯುವ ಸಾಲಿನ ಕೆಳಗೆ ಗೆರೆ ಎಳೆದರು. ಅದನ್ನು ಓದಿದವರು ಯಾರೂ ಇದ್ದಂತಿಲ್ಲ.

ಆದರೆ ಕೆಲವು ದಿನಗಳಲ್ಲಿ, ಯಾರಿಗೂ ತಿಳಿಸದೆ, ವೆಬ್‌ಸೈಟು ಸರಿಯಾಯಿತು. ಮೇಡಂ ಬರೆದುಕೊಟ್ಟಂತೆಯೇ ಸರಿಯಾಯಿತು. ನನ್ನ ಅಪ್ಪ ಮತ್ತೆ ನನ್ನ ಅಪ್ಪನಾದರು, ನನಗೆ ಸೀಟು ಸಿಕ್ಕಿತು. ಅಲ್ಲ ಸ್ವಾಮಿ, ಅದು ದಾಳಿಯಾಗಿದ್ದರೆ ಅವರು ಹೇಳಿದ ಮದ್ದನ್ನು ಯಾಕೆ ಕುಡಿದಿರಿ? ಮದ್ದು ಕುಡಿದು ಗುಣವಾದ ಮೇಲೆ ವೈದ್ಯರ ಮೇಲಿನ ದೂರನ್ನು ಯಾಕೆ ಹಾಗೇ ಇಟ್ಟುಕೊಂಡಿರಿ? ಪ್ರಾಂಶುಪಾಲರ ಹುದ್ದೆ ತೆರವಾದಾಗ ಸೇವೆಯಲ್ಲಿ ಎಲ್ಲರಿಗಿಂತ ಹಿರಿಯರು ವಿಮಲಾ ಮೇಡಂ. "ವಿಚಾರಣೆ ಬಾಕಿ ಇದೆ" ಎಂದು ಮಂಡಳಿ ಹೊರಗಿನವರನ್ನು ತಂದು ಕೂರಿಸಿತು. ಆ ವಿಚಾರಣೆ ಇವತ್ತಿಗೂ ಬಾಕಿ ಇದೆ. ನಡೆಸುವವರೂ ಇಲ್ಲ, ಮುಗಿಸುವವರೂ ಇಲ್ಲ. ಮೇಡಂ ಮಾತ್ರ ಮುಗಿಸಿ ಹೊರಟಿದ್ದಾರೆ.

ಎಂಜಿನಿಯರಿಂಗ್ ಮುಗಿಸಿ ನಾನು ಇಲ್ಲಿಗೇ ಪಾಠ ಮಾಡಲು ಬಂದ ಮೊದಲ ದಿನ, ಈ ನೋಟಿಸಿನ ವಿಷಯ ತೆಗೆದು ಬಾಯಿಗೆ ಬಂದದ್ದು ಆಡಿದೆ. ಮೇಡಂ ಲ್ಯಾಬಿನ ಕೀಲಿ ನನ್ನ ಕೈಗಿಟ್ಟು, "ಸಿಟ್ಟು ಇಟ್ಕೋ, ಬೇಡ ಅನ್ನಲ್ಲ. ಆದ್ರೆ ಕ್ಲಾಸಿಗೆ ಲೇಟ್ ಮಾಡ್ಬೇಡ" ಎಂದರು. ಎರಡನ್ನೂ ಪಾಲಿಸಿಕೊಂಡು ಬಂದಿದ್ದೇನೆ.

ಈ ಲೇಖನದ ಕರಡನ್ನು ಸಮಿತಿಗೆ ಕೊಟ್ಟಾಗ ವಾಪಸು ಬರುತ್ತದೆಂದೇ ಎಣಿಸಿದ್ದೆ. ವಾಪಸು ಬಂದದ್ದು ನಿಜ. ಆದರೆ ತಂದವರು ಶ್ರೀನಿವಾಸಮೂರ್ತಿಯವರೇ. ಕನ್ನಡಕ ತೆಗೆದು ಒರೆಸುತ್ತ, "'ಅಂದಿನ ಪ್ರಾಂಶುಪಾಲರ ರುಜು' ಅಂತ ಬರ್ದಿದೀಯಲ್ಲ, ಅಲ್ಲಿ ನನ್ನ ಹೆಸರು ಹಾಕು. ಮಂಡಳಿಯವರು ಹೇಳಿದ್ರು, ಓದದೆ ರುಜು ಹಾಕ್ದೆ. ಪುಸ್ತಕದ ಮೊದಲನೇ ಪ್ರತೀನ ಆ ಮಂಡಳಿಯವರಿಗೇ ನಾನೇ ತಗೊಂಡ್ಹೋಗಿ ಕೊಡ್ತೀನಿ" ಎಂದರು. ಆಗಲಿ. ರುಜು ಶ್ರೀನಿವಾಸಮೂರ್ತಿಯವರದು. ಇಲ್ಲಿ ಹಾಕಿದ್ದೇನೆ.

ಸಂಪುಟ ಅಚ್ಚಾಗುತ್ತಿರುವುದು ದುರ್ಗಿಗುಡಿಯ ಅದೇ ಮಲ್ಲೇಶ್ ಅವರಲ್ಲಿ. "ಒಂದೂ ಒಂಬತ್ತಿಲ್ಲ ಮೇಡಂ, ಬೇಕಾದ್ರೆ ನಿಮ್ ಪ್ರೋಗ್ರಾಂ ಹಾಕ್ ನೋಡಿ" ಎಂದು ನಿನ್ನೆ ಫೋನ್ ಮಾಡಿದರು. ಹಳೆಯ ಪ್ರೋಗ್ರಾಮನ್ನು ತೆರೆದು ನನ್ನ ಲೇಖನದ ಮೇಲೆ ಓಡಿಸಿದೆ. ತಪ್ಪು ತೋರಿಸಲೆಂದು ನಾನೇ ಬರೆದವನ್ನು ಬಿಟ್ಟರೆ, ಒಂದೇ ಒಂದು ಒಂಬತ್ತು ಸಿಕ್ಕಿತು: ನೋಟಿಸಿನ ತಾರೀಖು. ಆ ಅಂಕಿಯಲ್ಲಿ ತಪ್ಪಿಲ್ಲ. ತಪ್ಪು ನೋಟಿಸಿನದು. ಅದನ್ನು ತೆಗೆಯುವ ಕೀಲಿ ನನ್ನ ಬಳಿ ಇಲ್ಲ, ಈ ಪುಸ್ತಕವನ್ನು ಮೊದಲು ಕೈಗೆತ್ತಿಕೊಳ್ಳುವವರ ಬಳಿ ಇದೆ. ತಿಂಗಳು ಮುಗಿಯಲು ಇನ್ನೂ ದಿನಗಳಿವೆ.

ವಿಮಲಾ ಮೇಡಂ ನವುಲೆಯ ಮನೆಯ ಮುಂದಿನ ಕೋಣೆಯಲ್ಲಿ, ಕನ್ನಡ ಶಾಲೆಯಿಂದ ಬಂದ ಮಕ್ಕಳಿಗೆ ಪೈಥಾನ್ ಹೇಳಿಕೊಡಲು ಈಗಾಗಲೇ ಬೆಂಚು ಹಾಕಿಸಿದ್ದಾರೆ. ಆ ಬೆಂಚು ಎಂದೂ ಖಾಲಿ ಇರದಿರಲಿ, ಅವರ ಧ್ವನಿ ಎಂದೂ ಕುಂದದಿರಲಿ. ಅವರಿಗೆ ಆರೋಗ್ಯವೂ ದೀರ್ಘಾಯುಷ್ಯವೂ ಲಭಿಸಲಿ. ದೀರ್ಘಾಯುಷ್ಯದಲ್ಲೂ ಒಂದು ಅರ್ಕಾವತ್ತಿದೆ. ಸರಿಯಾಗಿ ಒತ್ತಿದ್ದೇನೆ ಮೇಡಂ, ಬಿಡಿಸಿ ನೋಡಿಕೊಳ್ಳಿ.